ಬೀಗಿತ್ತಿಗೆ ಕೇಳಿಸಿದ ಲೈಟ್ ಮ್ಯೂಸಿಕ್

ನಡೆದದ್ದು ಇಷ್ಟೇ. ಒಂದೇ ಮಾತನ್ನು ಇಬ್ಬರು ಹೆಂಗಸರು ಎರಡು ಥರ ಕೇಳಿಸಿಕೊಂಡು ಒಂದು ಮಧ್ಯಾಹ್ನವೆಲ್ಲ ಕಾದಾಡಿದರು. ಒಬ್ಬಳು ನಾನು. ಇನ್ನೊಬ್ಬರು ನಮ್ಮ ಜಗಳೂರಿನ ಬೀಗಿತ್ತಿ ಗಂಗಮ್ಮ. ಆ ಮಾತು ‘ಲೈಟ್ ಮ್ಯೂಸಿಕ್’.

ಲೈಟ್ ಎಂದರೆ ಹಗುರ ಎಂದು ನಾನು. ಲೈಟ್ ಎಂದರೆ ಕರೆಂಟು ಎಂದು ಅವರು.

ಮನೆಯವರೆಲ್ಲ ಈಗ ಇದನ್ನು ಬೇರೆ ಬೇರೆ ಥರ ಹೇಳಿಕೊಂಡು ತಿರುಗುತ್ತಿದ್ದಾರೆ. ಅವ್ವ ಗೆದ್ದಳು ಅನ್ನುತ್ತಾನೆ ನನ್ನ ಮಗ. ನಮ್ಮತ್ತೆಯದು ದೊಡ್ಡ ಮನಸ್ಸು ಅನ್ನುತ್ತಾಳೆ ಮೊಮ್ಮಗಳು. ಯಾರೂ ಗೆಲ್ಲಲಿಲ್ಲ. ದೊಡ್ಡ ಮನಸ್ಸೂ ಇಲ್ಲ, ಸಣ್ಣ ಮನಸ್ಸೂ ಇಲ್ಲ. ಕಿವಿಗೆ ಬಿದ್ದದ್ದು ತಲೆಗೆ ಹೋಗಲು ತಡವಾಯಿತು. ಉಳಿದದ್ದೆಲ್ಲ ಮಂಡಕ್ಕಿ ಒಗ್ಗರಣೆ.

ಈ ಅಂಕಣವನ್ನು ಹೊಸದಾಗಿ ಹಿಡಿದವರಿಗೆ ಒಂದು ಮಾತು. ಚೈತ್ರ ನನ್ನ ಮಗ ಮಂಜಣ್ಣನ ಮಗಳು. ಕಳೆದ ವರ್ಷ ಜಗಳೂರಿಗೆ, ಗಂಗಮ್ಮನವರ ಮಗನಿಗೆ ಕೊಟ್ಟೆವು. ಗಂಡ ಪ್ರಕಾಶನದು ಅಲ್ಲಿ ಬೀಜ-ಗೊಬ್ಬರದ ಅಂಗಡಿ. ಒಳ್ಳೆಯ ಹುಡುಗ, ಆದರೆ ಯಾವ ಪ್ರಶ್ನೆ ಕೇಳಿದರೂ ‘ಅಮ್ಮನ್ನ ಕೇಳ್ತೀನಿ’ ಅನ್ನುವ ಪೈಕಿ. ಚೈತ್ರ ಸಂಗೀತ ಓದಿದವಳು. ಅಲ್ಲೇ ಒಂದು ಶಾಲೆಯಲ್ಲಿ ಮಕ್ಕಳಿಗೆ ಹಾಡು ಕಲಿಸುತ್ತಿದ್ದಾಳೆ.

ಮದುವೆಯಾದ ಮೇಲೆ ಮೊದಲ ನಾಗರಪಂಚಮಿ. ತವರಿಗೆ ಬಂದಳು, ಚನ್ನಗಿರಿಗೆ. ಬರುವಾಗ ಎರಡು ಸುದ್ದಿ ತಂದಳು. ಒಂದು, ತಿರುಗಾಟದ ನಾಟಕ ತಂಡವೊಂದು ಈ ವರ್ಷದ ಹೊಸ ನಾಟಕಗಳಿಗೆ ಹಾಡು ಕಟ್ಟಿ, ಜೊತೆಗೆ ಬಂದು ನುಡಿಸಲು ಅವಳನ್ನು ಕರೆದಿದೆ. ದಸರಾ ಮುಗಿದ ಮೇಲೆ ಹೊರಟರೆ ಬೇಸಿಗೆಯ ತನಕ ಊರೂರು. ಹಬ್ಬ ಮುಗಿಯುವುದರೊಳಗೆ ಹೂಂ ಅಥವಾ ಊಹೂಂ ಹೇಳಬೇಕು. ಎರಡನೆಯದು, ಒಬ್ಬ ಇಂಗ್ಲೆಂಡಿನವನ ಕಥೆ.

ಮೊದಲ ಸುದ್ದಿಯನ್ನು ಹೇಳುವ ಧೈರ್ಯ ಸಾಲದೆ ಎರಡನೆಯದನ್ನು ಶುರು ಮಾಡಿದಳು. ನನಗೆ ಗೊತ್ತಾಗುವುದಿಲ್ಲವೇ? ಶೇಂಗಾ ಹುರಿದು, ಸಿಪ್ಪೆ ತೆಗೆದು, ಬೆಲ್ಲದ ಪಾಕ ಇಡುವ ಹೊತ್ತಿಗೆ ಅವಳ ಬಾಯಿ ಬಿಚ್ಚಿತು. ಉಂಡಿ ಕಟ್ಟುವಾಗ ಕೈಗೆ ಕೆಲಸ, ಬಾಯಿಗೆ ಬಿಡುವು.

ಆ ಮನುಷ್ಯನ ಹೆಸರನ್ನು ಚೈತ್ರ ಎರಡು ಸಲ ಹೇಳಿದಳು. ನನ್ನ ನಾಲಿಗೆಗೆ ಒಗ್ಗಲಿಲ್ಲ. (ನಾಲ್ಕನೇ ಕ್ಲಾಸಿಗೆ ಬಿಡಿಸಿ ದನದ ಹಿಂದೆ ಕಳಿಸಿದವರನ್ನು ಬೈಯಿರಿ, ನನ್ನನ್ನಲ್ಲ.) ಇಂಗ್ಲೆಂಡಿನ ಮೇಷ್ಟ್ರು ಎಂದು ಹೆಸರಿಟ್ಟೆ. ಮನೆಯಲ್ಲಿ ಈಗ ಎಲ್ಲರೂ ಹಾಗೇ ಅನ್ನುವುದು.

ಮೇಷ್ಟ್ರದು ಸಮುದ್ರದ ದಂಡೆಯ ಊರಂತೆ. ಅಪ್ಪನದು ಟೋಪಿ ಅಂಗಡಿ. ಮಗ ಟೋಪಿ ಮಾರಲಿಲ್ಲ, ಪಿಯಾನೋ ಮುಂದೆ ಕೂತ. ಆಗಿನ ಸಿನಿಮಾಗಳಿಗೆ ಮಾತಿರಲಿಲ್ಲ. ಪರದೆಯ ಕೆಳಗೆ ಕೂತು ಇವನು ಬಾರಿಸಬೇಕು. ಪರದೆಯ ಮೇಲೆ ಕುದುರೆ ಓಡಿದರೆ ಇವನ ಬೆರಳೂ ಓಡಬೇಕು, ಹುಡುಗಿ ಅತ್ತರೆ ಪಿಯಾನೋ ಅಳಬೇಕು. ಒಂದು ದಿನ ಸಿನಿಮಾಕ್ಕೆ ಮಾತು ಬಂತು. ಇವನ ಕೆಲಸ ಹೋಯಿತು.

‘ಟಿ.ವಿ. ಬಂದಾಗ ಕಂಪನಿ ನಾಟಕದೋರಿಗೆ ಆದಂಗೆ’ ಎಂದೆ.

‘ಥೇಟ್ ಹಂಗೇ ಅಜ್ಜಿ.’

ಅಲ್ಲಿಂದ ಅವನು ನಾಟಕದ ಥಿಯೇಟರಿಗೆ ಹೋದ. ಸ್ಟೇಜಿನ ಮುಂದೆ ಒಂದು ತಗ್ಗು ಇರುತ್ತದಂತೆ, ವಾದ್ಯದವರೆಲ್ಲ ಅದರಲ್ಲಿ ಕೂರುತ್ತಾರೆ. ಇದರಲ್ಲಿ ನನಗೆ ಹೊಸದೇನೂ ಕಾಣಲಿಲ್ಲ. ನಮ್ಮ ಕಂಪನಿ ನಾಟಕಗಳಲ್ಲೂ ಕಾಲು ಹಾರ್ಮೋನಿಯಂ ಮೇಷ್ಟ್ರು ಅಂಥದೇ ತಗ್ಗಿನಲ್ಲಿ ಕೂರುತ್ತಿದ್ದರು. ಮುಂದಿನ ಸಾಲಿನವರಿಗೆ ಅವರ ಬೋಳು ತಲೆ ಮಾತ್ರ ಕಾಣುತ್ತಿತ್ತು.

ಆ ತಗ್ಗಿನಲ್ಲಿ ಕೂತು ಕೂತು ಅವನು ಹಾಡು ಕಟ್ಟಲು ಕಲಿತ. ನಗೆ ನಾಟಕಕ್ಕೆ ಹಾಡು. ಕುಣಿತಕ್ಕೆ ಹಾಡು. ಬೇಸಿಗೆಯಲ್ಲಿ ಸಮುದ್ರ ನೋಡಲು ಬಂದವರು ಐಸ್ ಕ್ರೀಂ ತಿನ್ನುವಾಗ ಕೇಳಲು ಬ್ಯಾಂಡಿನ ಹಾಡು. ಒಮ್ಮೆ ಒಂದು ನಾಟಕಕ್ಕೆ ದೊಡ್ಡ ಮೆಟ್ಟಿಲು ಮಾಡಿಸಿದ್ದರಂತೆ, ಮರದ್ದು. ಭಾರವೋ ಭಾರ. ಪರದೆ ಬಿಟ್ಟು ಅದನ್ನು ಎಳೆದು ಪಕ್ಕಕ್ಕೆ ಸರಿಸುವಷ್ಟರಲ್ಲಿ ಜನ ಎದ್ದು ಹೋಗುತ್ತಿದ್ದರು. ಕಂಪನಿ ಮಾಲೀಕ ಬಂದು, ‘ಮೆಟ್ಟಿಲು ಸರಿಯೋತಂಕ ಜನ ಕೂತಿರಂಗೆ ಏನಾದ್ರೂ ಬಾರ್ಸಪ್ಪ’ ಅಂದನಂತೆ. (ಅವನು ಇಂಗ್ಲಿಷಿನಲ್ಲಿ ಅಂದಿರಬೇಕು. ನನಗೆ ಚೈತ್ರ ಹೇಳಿದ್ದು ಹೀಗೆ.) ಮೇಷ್ಟ್ರು ಒಂದು ಟೀ ಕುಡಿಯುವಷ್ಟರಲ್ಲಿ ಒಂದು ಹಾಡು ಕಟ್ಟಿದರು.

ನಾಟಕ ವಾರಕ್ಕೇ ಬಿತ್ತು. ಮೆಟ್ಟಿಲು ಸೌದೆಯಾಯಿತು. ಹಾಡು ಉಳಿಯಿತು.

ರೇಡಿಯೋದವರು ಅದನ್ನು ಒಂದು ಕಾರ್ಯಕ್ರಮದ ಮುಂಚೆ ಹಾಕಲು ತೆಗೆದುಕೊಂಡರು. ಆಮೇಲೆ ಹಾಲಿನವನೂ ಶಿಳ್ಳೆ ಹಾಕಿದ, ಪೋಸ್ಟಿನವನೂ ಹಾಕಿದ. ಹಾಡು ಎಲ್ಲರಿಗೂ ಗೊತ್ತು, ಕಟ್ಟಿದವನ ಹೆಸರು ಯಾರಿಗೂ ಬೇಡ. ಮುದುಕನಾದ ಮೇಲೆ ಒಮ್ಮೆ ಬಸ್ಸಿನಲ್ಲಿ ಯಾರೋ ಅದನ್ನು ತಪ್ಪಾಗಿ ಶಿಳ್ಳೆ ಹಾಕುತ್ತಿದ್ದನಂತೆ. ಮೇಷ್ಟ್ರು ತಡೆಯಲಾರದೆ ‘ಹಾಗಲ್ಲ, ಹೀಗೆ’ ಎಂದು ತಿದ್ದಿದರು. ಅವನು, ‘ನಿಮಗೇನ್ರೀ ಗೊತ್ತು?’ ಅಂದನಂತೆ!

ನಾನು ಉಂಡಿ ಕಟ್ಟುವುದು ಬಿಟ್ಟು ನಕ್ಕೆ.

‘ಮತ್ತೆ ದೊಡ್ಡ ದೊಡ್ಡ ಸಂಗೀತಗಾರರು ಏನಂತಿದ್ರು ಇವರಿಗೆ?’

‘ಲೈಟ್ ಮ್ಯೂಸಿಕ್ ಅಂತಿದ್ರು. ಅಂದ್ರೆ ಹಗುರ. ಊಟಕ್ಕೆ ಮುಂಚೆ ಉಪ್ಪಿನಕಾಯಿ ನೆಕ್ಕಿದಂಗೆ.’

‘ಉಪ್ಪಿನಕಾಯಿ ಹಾಕಾಕೆ ಬರ್ತೈತಾ ಅವರಿಗೆ?’

‘ಅಜ್ಜಿ!’

ಅಲ್ಲ, ಕೇಳುತ್ತೇನೆ. ಭಾರವಾದದ್ದೆಲ್ಲ ದೊಡ್ಡದು ಎಂದು ಯಾರು ಹೇಳಿದರು? ಹಗುರವಾದ ರೊಟ್ಟಿ ತಟ್ಟಲು ಎಷ್ಟು ವರ್ಷ ಬೇಕು ಎಂದು ನಮ್ಮ ಸೊಸೆ ಸುಜಾತಳನ್ನು ಕೇಳಿ. ದಪ್ಪ ರೊಟ್ಟಿ ಯಾರು ಬೇಕಾದರೂ ಬಡಿಯುತ್ತಾರೆ.

ಆಮೇಲೆ ಚೈತ್ರ ಮೊಬೈಲಿನಲ್ಲಿ ಆ ಹಾಡು ಹಾಕಿದಳು. ಪಿಟೀಲು, ಪೀಪಿ, ಡೋಲು ಎಲ್ಲ ಒಟ್ಟಿಗೆ ಓಡಿಬಂದವು. ಎರಡು ಸುತ್ತು ಕೇಳಿದೆ. ಮೂರನೆಯ ಸುತ್ತಿಗೆ ನನ್ನ ಬಾಯಿ ತಾನಾಗಿ ಹಾಡಿತು:

‘ಎಳೆಯೋ ತಮ್ಮ ಎಳೆಯೋ, ಅರಮನೆ ಎಳೆಯೋ!’

ಚೈತ್ರ ಕಣ್ಣು ಬಿಟ್ಟಳು. ‘ನಿಂಗೆ ಹೆಂಗೆ ಗೊತ್ತು?’

ಹೇಗೆ ಗೊತ್ತೆಂದರೆ, ನಮ್ಮ ಅತ್ತೆಯ ಮನೆ (ಅಪ್ಪನ ತಂಗಿ) ಹೊನ್ನಾಳಿಯಲ್ಲಿತ್ತು. ನನ್ನ ತವರು ಕತ್ತಲಗೆರೆಯಿಂದ ನಮ್ಮನ್ನು ಬೇಸಿಗೆಗೆ ಅಲ್ಲಿಗೆ ಓಡಿಸುತ್ತಿದ್ದರು. ಹೊಳೆ ದಂಡೆಗೆ ನಾಟಕದ ಟೆಂಟು ಬೀಳುತ್ತಿತ್ತು. ಪರದೆ ಬಿಟ್ಟಾಗ ಹಿಂದೆ ಅರಮನೆಯ ಸೆಟ್ಟು ಎಳೆಯುವ ಸದ್ದು, ಧಡ ಧಡ. ಮುಂದೆ ತಗ್ಗಿನಲ್ಲಿ ಬೋಳುತಲೆ ಮೇಷ್ಟ್ರು ಇದೇ ಹಾಡು ಬಾರಿಸುತ್ತಿದ್ದರು. ನಾವು ಚಿಳ್ಳೆಪಿಳ್ಳೆಗಳು ನಮ್ಮದೇ ಮಾತು ಹಾಕಿ ಕಿರುಚುತ್ತಿದ್ದೆವು. ಇಂಗ್ಲೆಂಡಿನ ಹಾಡು ಗ್ರಾಮಫೋನ್ ಪ್ಲೇಟಿನ ಮೇಲೆ ಕೂತು ಹೊನ್ನಾಳಿಗೆ ಬಂದಿತ್ತೋ, ನನ್ನ ಕಿವಿಯೇ ಎರಡನ್ನೂ ಬೆರೆಸಿತೋ, ದೇವರಿಗೇ ಗೊತ್ತು. ಕದ್ದಿದ್ದರೆ ಹೊನ್ನಾಳಿ ಮೇಷ್ಟ್ರು ಒಳ್ಳೆಯ ಮಾಲನ್ನೇ ಕದ್ದಿದ್ದಾರೆ. ಇದನ್ನೇ ಇನ್ನೂ ಜೋರು ಮಾಡಿ ನ್ಯಾಮತಿ ಕಡೆಯ ಬ್ಯಾಂಡ್‌ಸೆಟ್ಟಿನವರು ಬೀಗರನ್ನು ಎದುರುಗೊಳ್ಳುವಾಗ ಬಾರಿಸುತ್ತಾರೆ ಎಂದು ನನ್ನ ಗುಮಾನಿ. ನೀವೂ ಕೇಳಿರುತ್ತೀರಿ.

ಆ ಹಾಡಿನ ಬಿಸಿಯಲ್ಲೇ ಚೈತ್ರ ಮೊದಲ ಸುದ್ದಿ ಹೊರಹಾಕಿದಳು.

‘ನಾನೂ ಅದನ್ನೇ ಮಾಡ್ಬೇಕು ಅಜ್ಜಿ. ನಾಟಕಕ್ಕೆ ಹಾಡು ಕಟ್ಟಿ, ಅಲ್ಲೇ ಕೂತು ನುಡಿಸ್ಬೇಕು. ಶಾಲೇಲಿ ಒಂದೇ ಪ್ರಾರ್ಥನೆ ಬಾರಿಸಿ ಬಾರಿಸಿ ಬೆರಳು ಜಡ್ಡುಗಟ್ಟೈತೆ. ಈ ಸಲ ಬಿಟ್ರೆ ಅವರು ಬ್ಯಾರೆಯೋರನ್ನ ಹಿಡಿತಾರೆ.’

‘ಹಿಡೀಲಿ ಬಿಡು ಅನ್ನಾಕೆ ನಾನೇನು ನಿನ್ನ ಗಂಡನಾ? ಹೋಗು.’

‘ಅತ್ತೆ ಒಪ್ಪಬೇಕಲ್ಲ.’

ಇಲ್ಲಿ ನನ್ನದೊಂದು ತಕರಾರಿದೆ. ಸೊಸೆ ದುಡಿಯಲು ಹೊರಟರೆ ಮಗ ಅಮ್ಮನನ್ನು ಕೇಳುತ್ತಾನೆ. ಮಗ ದುಡಿಯಲು ಹೊರಟಾಗ ಹೆಂಡತಿಯ ಅಮ್ಮನನ್ನು ಕೇಳಿದ್ದನೇ? ಹೋಗಲಿ. ಪ್ರಕಾಶನಿಗೆ ಫೋನ್ ಹೋಯಿತು. ಪ್ರಕಾಶ ಅಮ್ಮನಿಗೆ ಹೇಳಿದ, ‘ಚೈತ್ರ ನಾಟಕದೋರ ಜೊತೆ ಲೈಟ್ ಮ್ಯೂಸಿಕ್ ಮಾಡಾಕೆ ಹೋಗ್ತಾಳಂತೆ.’ ಅಷ್ಟೇ ಹೇಳಿದ್ದು. ಅಮ್ಮನ ಉತ್ತರವೂ ಅಷ್ಟೇ ಚಿಕ್ಕದು: ‘ಲೈಟ್ ಮ್ಯೂಸಿಕ್ಕಾ? ಸಾಧ್ಯ ಇಲ್ಲ.’ ಮಾರನೇ ದಿನ ದಾವಣಗೆರೆಯಲ್ಲಿ ಬಸ್ ಬದಲಿಸಿ ಗಂಗಮ್ಮ ಚನ್ನಗಿರಿಗೆ ಹೊರಟೇಬಿಟ್ಟರು.

ಈಗ ಒಂದು ಬೋರ್ಡಿನ ವಿಷಯ ಹೇಳಬೇಕು. ನಮ್ಮ ಕಡೆ ಹಳ್ಳಿಯವರು ತಾವೇ ಬಣ್ಣ ಹಚ್ಚಿ ನಾಟಕ ಆಡುವುದುಂಟು. ಅದಕ್ಕೆ ಬೇಕಾದ ದೀಪ, ಮೈಕು, ವಾದ್ಯ, ಪರದೆ ಬಾಡಿಗೆಗೆ ಕೊಡುವ ಅಂಗಡಿಗಳಿವೆ. ಬೋರ್ಡಿನ ಮೇಲೆ ‘ಲೈಟ್, ಮ್ಯೂಸಿಕ್, ಸೀನರಿ ದೊರೆಯುತ್ತದೆ’ ಎಂದು ಬರೆಸುತ್ತಾರೆ. ಪೇಂಟರುಗಳು ಅಲ್ಪವಿರಾಮ ಹಾಕುವುದಿಲ್ಲ. (ಅವರಿಗೆ ಅದು ಬಣ್ಣ ಸಿಡಿದ ಹಾಗೆ ಕಾಣುತ್ತದೋ ಏನೋ.) ಹಾಗಾಗಿ ಜನರ ಬಾಯಲ್ಲಿ ಅದು ‘ಲೈಟ್‌ಮ್ಯೂಸಿಕ್‌ನೋರು’. ಕಂಬ ಹತ್ತಿ ವೈರು ಎಳೆಯುವವರು, ಟ್ಯೂಬ್ ಲೈಟ್ ಕಟ್ಟುವವರು, ಜನರೇಟರ್ ತಳ್ಳುವವರು. ನಲ್ಲೂರಿನಲ್ಲಾಗಲಿ ಜಗಳೂರಿನಲ್ಲಾಗಲಿ ಹೋಗಿ ಕೇಳಿ, ಇದೇ ಅರ್ಥ ಹೇಳುತ್ತಾರೆ. ನನಗೂ ಗೊತ್ತಿದ್ದ ಅರ್ಥವೇ. ಆದರೆ ಹಿಂದಿನ ದಿನವೆಲ್ಲ ಇಂಗ್ಲೆಂಡಿನಲ್ಲೇ ಇದ್ದೆನಲ್ಲ, ಜಗಳೂರಿನ ಬೋರ್ಡು ಮರೆತೇಹೋಯಿತು.

ಗಂಗಮ್ಮ ಬಂದರು. ಹೂವಿಲ್ಲ, ಹಣ್ಣಿಲ್ಲ, ಕೈಯಲ್ಲಿ ಒಂದು ಖಾಲಿ ಬ್ಯಾಗು. ಖಾಲಿ ಬ್ಯಾಗು ನೋಡಿದ ಕೂಡಲೇ ಚೈತ್ರಳ ಮುಖ ಕೆಟ್ಟಿತು. ಸೊಸೆಯ ಬಟ್ಟೆ ತುಂಬಿಕೊಂಡು ಹೋಗಲು ತಂದದ್ದು ಎಂದು ಅವಳಿಗೆ ಗೊತ್ತಾಯಿತು.

‘ಬರ್ರೀ ಗಂಗಮ್ಮಾರೆ. ಬಸ್ಸಿನಾಗೆ ಸೀಟು ಸಿಕ್ತಾ?’

‘ಸೀಟು ಸಿಕ್ತು ಅಮ್ಮಾರೆ. ನೆಮ್ಮದಿ ಸಿಗ್ಲಿಲ್ಲ.’

‘ಕೂತ್ಕಳ್ರಿ. ಮೊದ್ಲು ಉಂಡಿ ತಿನ್ರಿ, ಆಮ್ಯಾಲೆ ಬೈಯ್ರಿ.’

‘ಬೈಯಾಕೆ ಬಂದಿಲ್ಲ. ಕರ್ಕಂಡು ಹೋಗಾಕೆ ಬಂದೀನಿ.’

ಉಂಡಿ ಮುಟ್ಟಲಿಲ್ಲ. ನನ್ನ ಮಗ ಮಂಜಣ್ಣ ಬಾಯಿಗೆ ಒಂದು ಅಡಿಕೆ ಹಾಕಿಕೊಂಡು ಮೂಲೆಯ ಕುರ್ಚಿ ಹಿಡಿದ. ಬೀಗರ ಮುಂದೆ ಅವನದು ಯಾವಾಗಲೂ ಇದೇ. ಅಡಿಕೆ ವ್ಯಾಪಾರದಲ್ಲಿ ದಾವಣಗೆರೆಯವರ ಬಾಯಿ ಮುಚ್ಚಿಸುತ್ತಾನೆ, ಮಗಳ ವಿಷಯದಲ್ಲಿ ಅದೇ ಅಡಿಕೆಯಿಂದ ತನ್ನ ಬಾಯಿ ಮುಚ್ಚಿಕೊಳ್ಳುತ್ತಾನೆ. ಸುಜಾತ ಒಲೆಯ ಮುಂದಿಂದ ಏಳಲಿಲ್ಲ. ಸರಿ, ಉಳಿದದ್ದು ನಾನು.

ನನ್ನ ಲೆಕ್ಕ ಹೀಗಿತ್ತು. ಈ ಹೆಂಗಸಿಗೆ ನಾಟಕದವರೆಂದರೆ ಕೀಳು. ಸೊಸೆ ಊರೂರು ತಿರುಗಿದರೆ ಮನೆ ಮರ್ಯಾದೆ ಹೋಗುತ್ತದೆ ಎಂಬ ಹಳೇ ಗೊಣಗಾಟ. ಇದಕ್ಕೆ ಇಂಗ್ಲೆಂಡಿನ ಮೇಷ್ಟ್ರೇ ಮದ್ದು. ಟೋಪಿ ಅಂಗಡಿಯಿಂದ ಹಿಡಿದು ಎಲ್ಲಾ ಹೇಳತೊಡಗಿದೆ. ಎಂಥ ಮರ್ಯಾದಸ್ಥರು, ಎಷ್ಟು ಹಾಡು, ಇಡೀ ದೇಶವೇ ಶಿಳ್ಳೆ ಹಾಕಿತು ಎಂದು ಒಂದಕ್ಕೆ ಎರಡು ಸೇರಿಸಿ ಹೇಳಿದೆ. ಗಂಗಮ್ಮ ಕೇಳಿಸಿಕೊಂಡರು, ಅದೂ ಗಮನವಿಟ್ಟು. ಆದರೆ ಅವರು ಕೇಳಿದ ಪ್ರಶ್ನೆಗಳನ್ನು ನೋಡಿ.

‘ಪರದೆ ಮುಂದೆ ಗುಂಡ್ಯಾಗೆ ಕೂತ್ಕಂತಿದ್ರಾ ಅವರು?’

‘ಹೂಂ. ಬ್ಯಾಂಡಿನೋರೆಲ್ಲ ಅಲ್ಲೇ.’

‘ಮಳೆ ಬಂದ್ರೆ ಗುಂಡಿಗೆ ನೀರು ಬರಂಗಿಲ್ವಾ?’

‘ಅದು ಕಟ್ಟಡ ರೀ. ಮ್ಯಾಲೆ ಸೂರೈತೆ.’

‘ನೆಲ ತೇವ ಇರ್ತಿತ್ತೋ, ಒಣಗಿರ್ತಿತ್ತೋ?’

‘ನಾನೇನು ಹೋಗಿ ಮುಟ್ಟಿ ನೋಡೀನಾ?’

ನನಗೆ ಉರಿಯಿತು. ಗೇಲಿ ಮಾಡುತ್ತಿದ್ದಾರೆ ಎಂದುಕೊಂಡೆ. ನಾನೂ ಬಿಡಲಿಲ್ಲ. ರೇಡಿಯೋಕ್ಕೆ ಬಂದೆ, ಸೋಪಿನ ಜಾಹೀರಾತಿಗೆ ಮೇಷ್ಟ್ರು ಕಟ್ಟಿದ ಹಾಡಿಗೆ ಬಂದೆ. ಆಮೇಲೆ ಗಿಟಾರ್ ಹುಡುಗರು ಬಂದು ಮೇಷ್ಟ್ರನ್ನು ಯಾರೂ ಕರೆಯದೇ ಹೋದದ್ದು, ಕೊನೆಗೆ ಅವರು ಬೀದಿಯ ಮಕ್ಕಳಿಗೆ ಪಿಯಾನೋ ಕಲಿಸುತ್ತಾ ಕಾಲ ಕಳೆದದ್ದು, ಎಲ್ಲಾ ಹೇಳಿದೆ. ಗಂಗಮ್ಮ ಮುಂದಕ್ಕೆ ಬಗ್ಗಿದರು.

‘ಲೈಟ್ ಮ್ಯೂಸಿಕ್ ಮಾಡ್ಕಂಡು ಮುದುಕ ಆಗೋತಂಕ ಬದುಕಿದ್ರಾ?’

‘ಹಣ್ಣು ಹಣ್ಣು ಮುದುಕ ಆಗಿ ಸತ್ರು. ಹಾಸಿಗೆ ಮ್ಯಾಲೆ.’

‘ಹಾಸಿಗೆ ಮ್ಯಾಲೆ? ಖರೇನಾ?’

‘ಖರೇನೇ ರೀ.’

‘ಕೈ ಕಾಲು ಎಲ್ಲಾ ನೆಟ್ಟಗಿದ್ವಾ?’

ನನ್ನ ತಾಳ್ಮೆ ಅಲ್ಲಿಗೆ ಮುಗಿಯಿತು. ‘ಏನ್ರೀ ನೀವು ಕೇಳೋದು? ಒಲ್ಲೆ ಅಂದ್ರೆ ಒಲ್ಲೆ ಅನ್ರಿ. ಮುದುಕಿ ಮುಂದೆ ಕೂತು ತಮಾಷೆ ಮಾಡಬ್ಯಾಡ್ರಿ. ಮ್ಯೂಸಿಕ್ ಮಾಡಿದ್ರೆ ಯಾರಿಗಾದ್ರೂ ಕೈ ಕಾಲು ಹೋಗ್ತಾವಾ?’

‘ಜೀವಾನೇ ಹೋಗ್ತೈತೆ ಅಮ್ಮಾರೆ. ನಮ್ಮ ಶಿವೂದು ಹೋಗ್ಲಿಲ್ವಾ?’

ಶಿವು ಯಾರು? ಮದುವೆ ಮಾತಿನಲ್ಲಿ ಆ ಹೆಸರು ನಾವು ಕೇಳಿರಲಿಲ್ಲ. ಚೈತ್ರಳಿಗೆ ಗೋಡೆಯ ಮೇಲಿನ ಒಂದು ಫೋಟೋ ಮಾತ್ರ ಗೊತ್ತು. ಅತ್ತೆಯ ತಮ್ಮ, ಹಿಂದೆಯೇ ತೀರಿಕೊಂಡಿದ್ದು ಅಂತ. ಹೇಗೆ ಎಂದು ಅವಳೂ ಕೇಳಿಲ್ಲ, ಅವರೂ ಹೇಳಿಲ್ಲ.

ಗಂಗಮ್ಮ ಹೇಳಿದರು. ಅಳಲಿಲ್ಲ. ಬ್ಯಾಗಿನ ಜಿಪ್ಪನ್ನು ಎಳೆಯುತ್ತಾ, ಬಿಡುತ್ತಾ ಹೇಳಿದರು.

‘ಅವನಿಗೆ ಹಾಡಿನ ಹುಚ್ಚು. ಹಾಡಾಕೆ ಬರ್ತಿರ್ಲಿಲ್ಲ, ಹತ್ರ ಇದ್ರೆ ಸಾಕು ಅನ್ನೋನು. ಲೈಟ್‌ಮ್ಯೂಸಿಕ್ ಸೆಟ್ಟಿನೋರ ಜೊತೆ ಸೇರ್ಕಂಡ. ಸೊಕ್ಕೆ ಊರಾಗೆ ನಾಟಕ ಇತ್ತು. ಸಣ್ಣಗೆ ಮಳೆ ಹನೀತಿತ್ತು. ಇವ್ನು ಲೈಟಿಂದು ಕಬ್ಬಿಣದ ಪೈಪ್ ಹಿಡ್ಕಂಡಿದ್ದ. ಎಲ್ಲಿ ವೈರ್ ಕಿತ್ತಿತ್ತೋ.’

ಜಿಪ್ಪನ್ನು ಅರ್ಧಕ್ಕೆ ಎಳೆದು ನಿಲ್ಲಿಸಿದರು.

‘ಬರಿಗಾಲಾಗಿದ್ದ ಅಮ್ಮಾರೆ. ಸ್ಟೇಜಿಗೆ ಚಪ್ಲಿ ಹಾಕ್ಕಂಡು ಹತ್ತಬಾರ್ದಲ್ಲ. ಕೆಳಗೆ ಬಿಟ್ಟಿದ್ದ. ನಾನು ಹೋದಾಗ ಚಪ್ಲಿ ಜೋಡಿ ಅಲ್ಲೇ ಇತ್ತು, ಒಂದ್ರ ಪಕ್ಕ ಒಂದು.’

ಒಳಗೆ ಸುಜಾತಳ ರೊಟ್ಟಿ ಬಡಿಯುವ ಸದ್ದು ನಿಂತಿತು.

ಈಗ ಹೇಳಿ, ನಾನು ಏನು ಮಾಡುತ್ತಿದ್ದೆ? ಒಂದು ಮಧ್ಯಾಹ್ನ ಪೂರ್ತಿ ಮರ್ಯಾದೆಯ ವಕೀಲಿಕೆ ಮಾಡಿದ್ದೆ. ಅವರು ಮರ್ಯಾದೆಯ ಮಾತೇ ಎತ್ತಿರಲಿಲ್ಲ! ನೆಲ ತೇವವಿತ್ತೇ ಎಂದು ಕೇಳಿದ್ದರು. ಕೈಕಾಲು ಸರಿ ಇದ್ದವೇ ಎಂದು ಕೇಳಿದ್ದರು. ಸರಿಯಾದ ಪ್ರಶ್ನೆಗಳನ್ನೇ ಕೇಳಿದ್ದರು. ಬೀಗಿತ್ತಿ ಎಂದರೆ ಅಡ್ಡಗಾಲು ಹಾಕುವವಳು ಎಂದು ಮೊದಲೇ ತೀರ್ಪು ಬರೆದಿಟ್ಟುಕೊಂಡು ಕೂತರೆ ಹೀಗೇ ಆಗುವುದು.

ಚೈತ್ರ ಎದ್ದು ಹೋಗಿ ಅತ್ತೆಯ ಪಕ್ಕ ನೆಲದ ಮೇಲೆ ಕೂತಳು.

‘ಅತ್ತೆ, ನಂದು ಆ ಲೈಟ್ ಅಲ್ಲ. ಕಂಬ ಹತ್ತೋದು, ವೈರ್ ಎಳೆಯೋದು ಇಲ್ಲ. ಇದು ಹಗುರ ಸಂಗೀತ ಅಂತ. ಇಂಗ್ಲಿಷ್‌ನಾಗೆ ಹಗುರಕ್ಕೂ ಲೈಟ್ ಅಂತಾರೆ.’

‘ಹಗುರಾನಾ?’

‘ಹೂಂ.’

‘ಹಂಗಾದ್ರೆ ಹಗುರ ಅನ್ನಾಕೆ ಏನು ಧಾಡಿ ನಿಮಗೆ? ಪ್ರಕಾಶ ಲೈಟು ಅಂದಾಗಿಂದ ನನ್ನ ಕಣ್ಣಿಗೆ ನೀನು ಕಂಬದ ಮ್ಯಾಲೇ ಕಾಣ್ತಿದ್ದೆ.’

ನಗಬೇಕೋ ಬೇಡವೋ ಯಾರಿಗೂ ತಿಳಿಯಲಿಲ್ಲ. ಕಥೆ ಇಲ್ಲಿಗೆ ಮುಗಿಯಿತು, ಎಲ್ಲರೂ ಉಂಡಿ ತಿನ್ನಬಹುದು ಎಂದುಕೊಂಡೆ. ಆದರೆ ಗಂಗಮ್ಮ ಅಷ್ಟು ಸುಲಭಕ್ಕೆ ಬಿಡುವ ಪೈಕಿ ಅಲ್ಲ.

‘ನೀನು ಬಾರಿಸ್ತೀಯಲ್ಲ, ಅದಕ್ಕೆ ವೈರ್ ಇಲ್ಲ ತಾನೆ?’

ಇಲ್ಲ ಎಂದುಬಿಟ್ಟಿದ್ದರೆ ಮುಗಿಯುತ್ತಿತ್ತು. ಮೂಲೆಯಿಂದ ಮಂಜಣ್ಣ ಮಗಳಿಗೆ ಕಣ್ಸನ್ನೆ ಮಾಡಿದ್ದನ್ನು ನಾನು ನೋಡಿದೆ. ಚೈತ್ರ ಅಪ್ಪನನ್ನು ನೋಡಿದಳು, ಅತ್ತೆಯನ್ನು ನೋಡಿದಳು.

‘ಐತೆ ಅತ್ತೆ. ಹಾರ್ಮೋನಿಯಂಗೆ ಇಲ್ಲ. ಕೀಬೋರ್ಡಿಗೆ ಐತೆ. ಮೈಕಿಗೂ ಐತೆ. ನಿಮಗೆ ಸುಳ್ಳು ಹೇಳಿ ಹೋಗಾಕೆ ಇಷ್ಟ ಇಲ್ಲ.’

ಹೋಯಿತು ಎಂದುಕೊಂಡೆ. ಗಂಗಮ್ಮ ಬ್ಯಾಗಿನ ಜಿಪ್ಪು ಪೂರ್ತಿ ಎಳೆದು ಮುಚ್ಚಿದರು. ಬೀದಿಯಲ್ಲಿ ತರಕಾರಿ ಗಾಡಿಯವನು ಮೈಕಿನಲ್ಲಿ ಈರುಳ್ಳಿ ಈರುಳ್ಳಿ ಎಂದು ಕೂಗಿಕೊಂಡು ಹೋದ.

‘ಚಪ್ಲಿ ಹಾಕ್ಕಂಡು ಬಾರಿಸ್ತೀಯಾ?’ ಎಂದರು.

‘ಏನು?’

‘ರಬ್ಬರ್ ಚಪ್ಲಿ. ಎದ್ದರೂ ಕೂತರೂ ಕಾಲಾಗೇ ಇರ್ಬೇಕು. ಹಂಗಾದ್ರೆ ಹೋಗು.’

ಬೀಗಿತ್ತಿ ಬಂದಾಗಿನಿಂದ ಬಾಯಿ ಬಿಡದಿದ್ದ ನನ್ನ ಮಗ ಅಡಿಕೆ ಉಗುಳಿ ಎದ್ದು ನಿಂತ! ‘ಸ್ಟೇಜಿನ ಮ್ಯಾಲೆ ಚಪ್ಲೀನಾ? ವಾದ್ಯದ ಮುಂದೆ ಚಪ್ಲೀನಾ? ಶಾರದೆ ಪೂಜೆ ಮಾಡಿರೋ ಜಾಗ ಅದು. ಜನ ಏನಂತಾರೆ?’

ನೋಡಿದಿರಾ? ಮರ್ಯಾದೆಯ ಮಾತು ಕೊನೆಗೂ ಬಂತು. ನಮ್ಮ ಮನೆಯಿಂದಲೇ ಬಂತು.

‘ನಿನ್ನ ಶಾರದೆಗೆ ಕರೆಂಟ್ ಹೊಡೆಯಂಗಿಲ್ಲ, ನಿನ್ನ ಮಗಳಿಗೆ ಹೊಡಿತೈತೆ. ಸುಮ್ಕೆ ಕೂತ್ಕ’ ಎಂದೆ.

ಕೂತ.

ಆದರೆ ಅವನೊಬ್ಬನನ್ನು ಕೂರಿಸಿದರೆ ಆಯಿತೇ? ತಂಡದವರಿದ್ದಾರಲ್ಲ. ನಾಟಕದವರು ರಂಗಕ್ಕೆ ಕೈ ಮುಟ್ಟಿ ಕಣ್ಣಿಗೊತ್ತಿಕೊಂಡು ಹತ್ತುವ ಜನ. ಬರಿಗಾಲು ಎಂದರೆ ಬರಿಗಾಲೇ. ಚೈತ್ರ ಅಲ್ಲೇ, ಎಲ್ಲರ ಎದುರಿಗೇ ತಂಡದ ಹಿರಿಯರಿಗೆ ಫೋನ್ ಹಚ್ಚಿದಳು. ಸ್ಪೀಕರ್ ಹಾಕು ಎಂದೆ. ಹಾಕಿದಳು.

ಚಪ್ಪಲಿಯ ಮಾತು ಕೇಳಿ ಅವರು ಮೊದಲು ನಕ್ಕರು. ಆಮೇಲೆ ನಗಲಿಲ್ಲ. ‘ಅದು ಆಗಲ್ಲಮ್ಮ. ನಮ್ಮ ಗುರುಗಳ ಕಾಲದಿಂದ ಯಾರೂ ರಂಗದ ಮೇಲೆ ಮೆಟ್ಟು ಮೆಟ್ಟಿಲ್ಲ. ಒಬ್ಬರಿಗೆ ಬಿಟ್ಟರೆ ಎಲ್ಲರಿಗೂ ಬಿಡಬೇಕಾಗುತ್ತೆ’ ಎಂದರು.

ಚೈತ್ರಳ ಮುಖ ಬಿಳಿಚಿಕೊಂಡಿತ್ತು. ಆ ಹುಡುಗಿಗೆ ಈ ಕೆಲಸ ಎಷ್ಟು ಬೇಕಿತ್ತು ಎಂದು ನನ್ನ ಉಂಡಿ ಪಾತ್ರೆಗೂ ಗೊತ್ತಿತ್ತು.

‘ಹಂಗಾದ್ರೆ ಬಿಡಿ ಸಾರ್’ ಎಂದಳು. ‘ನಮ್ಮತ್ತೆಗೆ ಮಾತು ಕೊಡದೆ ಬರಾಕೆ ಆಗಲ್ಲ. ನಮ್ಮತ್ತೆ ತಮ್ಮ ಹಿಂಗೇ ಸ್ಟೇಜಿನ ಮ್ಯಾಲೆ ಬರಿಗಾಲಾಗೆ ಹೋದ್ರು. ನೀವು ಬ್ಯಾರೆಯೋರನ್ನ ನೋಡ್ಕಳ್ರಿ.’

ಗಂಗಮ್ಮ ಸೊಸೆಯ ಕಡೆ ತಿರುಗಿದರು. ತಿರುಗಿದ ಬಗೆ ನಾನು ನೋಡಿದೆ. ಫೋನು ಕಟ್ ಆಯಿತೇನೋ ಎಂದು ಚೈತ್ರ ‘ಹಲೋ, ಹಲೋ’ ಅಂದಳು.

‘ಕಪ್ಪು ಬಣ್ಣದ್ದಿರಲಿ’ ಎಂದಿತು ಫೋನು. ‘ಜನಕ್ಕೆ ಕಾಣಬಾರದು. ಹೊಸದು ತರಬೇಕು, ಬೀದೀಲಿ ಮೆಟ್ಟಿದ್ದಲ್ಲ. ಸ್ಟೇಜಿಗೇ ಅಂತ ಬೇರೆ ಇಟ್ಕೋ.’

ಗಂಗಮ್ಮ ಒಂದು ಉಂಡಿ ಎತ್ತಿಕೊಂಡರು. ಕಚ್ಚಿ, ಅಗಿದು, ‘ಪಾಕ ಹೆಚ್ಚಾಗೈತೆ, ಗಟ್ಟಿ’ ಎಂದರು. ಎರಡನೆಯದನ್ನೂ ಎತ್ತಿಕೊಂಡರು. ಖಾಲಿ ಬ್ಯಾಗಿನಲ್ಲಿ ಸೊಸೆಯ ಬಟ್ಟೆಯ ಬದಲು ಸುಜಾತ ಒಂದು ಡಬ್ಬಿ ತುಂಬಾ ಅದೇ ಗಟ್ಟಿ ಉಂಡಿ ಇಟ್ಟುಕೊಟ್ಟಳು. ಹೊರಡುವಾಗ ಬಾಗಿಲಲ್ಲಿ ನನ್ನನ್ನು ಕೇಳಿದರು:

‘ಅಮ್ಮಾರೆ, ಆ ಇಂಗ್ಲೆಂಡಿನೋರ ನಾಟಕದಾಗೆ ಮೆಟ್ಲು ಎಳೀತಿದ್ರಲ್ಲ, ಅವರಿಗೆಲ್ಲ ಏನಾತು ಆಮ್ಯಾಲೆ?’

ನನಗೆ ಗೊತ್ತಿರಲಿಲ್ಲ. ಚೈತ್ರಳಿಗೂ ಗೊತ್ತಿರಲಿಲ್ಲ. ಮೇಷ್ಟ್ರ ಹೆಸರು ಯಾರಿಗೂ ನೆನಪಿಲ್ಲವಲ್ಲ ಎಂದು ನಾವಿಬ್ಬರೂ ಉಂಡಿ ಕಟ್ಟುತ್ತಾ ಲೊಚಗುಟ್ಟಿದ್ದೆವು. ಮೊಬೈಲಿನಲ್ಲಿ ಹುಡುಕಿದರೆ ಅವರ ಹೆಸರಾದರೂ ಸಿಗುತ್ತದೆ. ಅವರು ಹಾಡು ಕಟ್ಟಿದ್ದೇ ಯಾರೋ ನಾಲ್ಕು ಜನ ಭಾರ ಎಳೆಯುವ ಹೊತ್ತನ್ನು ಮುಚ್ಚಲು. ಆ ನಾಲ್ವರನ್ನು ಎಲ್ಲಿ ಹುಡುಕುವುದು? ಗಂಗಮ್ಮನವರ ಕಣ್ಣು ಮಾತ್ರ ಸೀದಾ ಪರದೆಯ ಹಿಂದಕ್ಕೆ ಹೋಯಿತು. ಅಲ್ಲಿ ಅವರದೊಬ್ಬ ಮನುಷ್ಯ ಇದ್ದನಲ್ಲ.

ಮರುದಿನ ಬೆಳಿಗ್ಗೆ ಚನ್ನಗಿರಿ ಬಸ್ ಸ್ಟ್ಯಾಂಡ್ ಹತ್ತಿರದ ಚಪ್ಪಲಿ ಅಂಗಡಿಯವನು ಷಟರ್ ಎತ್ತುವಾಗಲೇ ಹೋಗಿ ನಿಂತೆ. ಕಪ್ಪು ಬಣ್ಣ, ದಪ್ಪ ಅಟ್ಟೆ, ಅಪ್ಪಟ ರಬ್ಬರು, ಎಲ್ಲೂ ಮೊಳೆ ಇರಬಾರದು ಎಂದೆ. ಎರಡು ಜೊತೆ ತೆಗೆಸಿದೆ. ಒಂದು ಹೆಣ್ಣುಮಕ್ಕಳ ಅಳತೆ, ಇನ್ನೊಂದು ಗಂಡಸರದು.

‘ಇದು ಯಾರಿಗೆ ಅಜ್ಜಿ, ಮಂಜಣ್ಣಾರಿಗಾ?’

‘ನಾಟಕದಾಗೆ ಲೈಟ್ ಕಟ್ಟೋನಿಗೆ.’

‘ಯಾರವ್ನು?’

‘ನನಗೂ ಗೊತ್ತಿಲ್ಲಪ್ಪ.’

‘ಯಾರಂತಾನೇ ಗೊತ್ತಿಲ್ದೆ ಚಪ್ಲಿ ಒಯ್ತಿಯಲ್ಲ ಅಜ್ಜಿ!’ ಎಂದು ಅವನು ನಕ್ಕ.

ನಗಲಿ ಬಿಡಿ. ಯಾರಾದರೇನು, ಅವನಿಗೂ ಎಲ್ಲೋ ಒಬ್ಬಳು ಅಕ್ಕ ಇರುತ್ತಾಳೆ ತಾನೆ?